ಗಂಟು ತೋರಿಸಲಾಗದ ಆಪರೇಷನ್

ಹುಬ್ಬಳ್ಳಿಗೆಂದು ಹೊರಟ ಜೀಪು ಅರ್ಧ ದಾರಿಯಿಂದ ತಿರುಗಿ ಬಂದು ದವಾಖಾನೆಯ ಮುಂದೆ ನಿಂತಿತು. ಹಿಂದಿನ ಸೀಟಿನಲ್ಲಿ ಮಲಗಿದ್ದ ಹೆಣ್ಣುಮಗಳು ಹೊಟ್ಟೆಯ ಮೇಲೆ ಎರಡೂ ಕೈ ಇಟ್ಟುಕೊಂಡು ಕಣ್ಣು ಮುಚ್ಚಿದ್ದಳು. ಡ್ರೈವರ್ ಇಳಿದವನೇ ಮೊಣಕಾಲಿನವರೆಗೆ ಮೆತ್ತಿದ್ದ ಯರಿಮಣ್ಣಿನ ಕೆಸರನ್ನು ತೋರಿಸಿದ.

“ಹಳ್ಳ ಸೇತುವಿ ಮ್ಯಾಲ ಹಾದ ಹೊಂಟೈತ್ರಿ ಸಾಹೇಬ್ರ. ಆ ಕಡೀ ಬಸ್ಸು ಆ ಕಡೀನ, ಈ ಕಡೀ ಬಸ್ಸು ಈ ಕಡೀನ ನಿಂತಾವ.”

ನವಲಗುಂದ ತಾಲೂಕಿನ ಆ ಊರಿಗೆ ಒಂದು ಮಗ್ಗುಲಲ್ಲಿ ಬೆಣ್ಣಿಹಳ್ಳ, ಇನ್ನೊಂದು ಮಗ್ಗುಲಲ್ಲಿ ತುಪ್ಪರಿಹಳ್ಳ. ಹೆಸರು ಕೇಳಿದವರಿಗೆ ಹಬ್ಬದೂಟ ನೆನಪಾಗಬೇಕು. ಬೇಸಿಗೆಯಲ್ಲಿ ಎರಡರಲ್ಲೂ ಒಂದು ಹಿಂಡು ಕುರಿ ಕುಡಿಯುವಷ್ಟು ನೀರಿರುವುದಿಲ್ಲ. ಮೇಲೆ ಎಲ್ಲೋ ಮಳೆ ಹೊಡೆದರೆ ಮಾತ್ರ ಎರಡೂ ಒಟ್ಟಿಗೆ ಉಕ್ಕಿ, ನಡುವೆ ಸಿಕ್ಕವರನ್ನು ಇದ್ದಲ್ಲೇ ಕೂರಿಸಿಬಿಡುತ್ತವೆ. ಎಂಬತ್ತರ ದಶಕದ ಆ ಮಳೆಗಾಲದಲ್ಲಿ ಹಾಗೆ ಕೂತವರಲ್ಲಿ ಸರ್ಕಾರಿ ದವಾಖಾನೆಯ ಸರ್ಜನ್ ಆಗಿದ್ದ ನಾನೂ ಒಬ್ಬ.

ಅವಳು ಕುರಿ ಸಾಕುವ ಮನೆತನದ ಸೊಸೆ, ಮೂವತ್ತರ ಆಸುಪಾಸಿನವಳು. ಎದೆಗೂಡಿನ ಕೆಳಗೆ, ಹೊಟ್ಟೆಯ ಮೇಲ್ಭಾಗದಲ್ಲಿ ತೆಂಗಿನಕಾಯಿಯಷ್ಟು ದೊಡ್ಡ ಗಂಟು. ಅದು ಬಹಳ ದಿನದಿಂದ ಇತ್ತಂತೆ. ನೋವಿಲ್ಲದ್ದರಿಂದ ಯಾರೂ ತಲೆ ಕೆಡಿಸಿಕೊಂಡಿರಲಿಲ್ಲ. ಈಗ ಚಳಿಜ್ವರ ಹತ್ತಿ, ಗಂಟಿನ ಮೇಲಿನ ಚರ್ಮ ಕೆಂಪಾಗಿ, ಮುಟ್ಟಿದರೆ ಚೀರುವಂತಾಗಿತ್ತು. ಕುರಿಹಟ್ಟಿ, ಹಟ್ಟಿ ಕಾಯುವ ನಾಯಿಗಳು, ಇಂಥ ಗಂಟು — ಈ ಮೂರೂ ಸೇರಿದರೆ ವೈದ್ಯನಿಗೆ ಎಕ್ಸ್‌ರೇ ಬೇಕಿಲ್ಲ. ನಾಯಿಯ ಹೊಟ್ಟೆಯ ಒಂದು ಹುಳುವಿನ ತತ್ತಿ ಹೇಗೋ ಮನುಷ್ಯರ ಹೊಟ್ಟೆ ಸೇರಿ, ಪಿತ್ತಜನಕಾಂಗದಲ್ಲಿ ಕೂತು, ವರ್ಷಗಟ್ಟಲೆ ನೀರುಗುಳ್ಳೆಯಾಗಿ ಬೆಳೆಯುತ್ತದೆ. ಇವಳದು ಬೆಳೆದದ್ದಷ್ಟೇ ಅಲ್ಲ, ಒಳಗೆ ಕೀವಾಗಿತ್ತು. ಅದು ಹೊಟ್ಟೆಯೊಳಗೇ ಒಡೆದರೆ ಅವಳು ಬದುಕುವುದಿಲ್ಲ. ಹುಬ್ಬಳ್ಳಿಯಲ್ಲಿ ರಕ್ತವಿತ್ತು, ನನಗಿಂತ ದೊಡ್ಡ ಸರ್ಜನ್‌ಗಳಿದ್ದರು, ಕರೆಂಟಿತ್ತು. ನಮ್ಮಲ್ಲಿ ಮೂರೂ ಇರಲಿಲ್ಲ. ಅದಕ್ಕೇ ಕಳಿಸಿದ್ದೆ, ಹಳ್ಳ ವಾಪಸು ಕಳಿಸಿತು.

ಒಂದು ಹಗಲು ನೋಡೋಣವೆಂದು ಪೆನಿಸಿಲಿನ್ ಚುಚ್ಚುತ್ತ ಕೂತೆ. ಮಳೆ ನಿಲ್ಲಲಿಲ್ಲ, ಜ್ವರ ಇಳಿಯಲಿಲ್ಲ. ಮಾರನೆಯ ಮುಂಜಾನೆ ಅವಳ ನಾಡಿ ನನ್ನ ಬೆರಳ ಕೆಳಗೆ ಓಡತೊಡಗಿದಾಗ ಗಂಡನನ್ನು ಕರೆದು, ಇಲ್ಲೇ ಕೊಯ್ಯಬೇಕು ಎಂದೆ. ಅವನು ತಾಯಿಯ ಮುಖ ನೋಡಿದ. ತಾಯಿ, ಅಂದರೆ ರೋಗಿಯ ಅತ್ತೆ, ನೆಟ್ಟಗೆ ನಿಂತ ಒಣಕಲು ಮುದುಕಿ. ಸೊಂಟದಲ್ಲಿ ಎಲೆಯಡಿಕೆಯ ಸಂಚಿ, ಮೈಯಲ್ಲಿ ದೊಡ್ಡ ದನಿ.

“ಗಂಟು ತಗೀತೀರೇನ್ರಿ?”

“ತಗೀತೇನಿ.”

“ತಗದ ಮ್ಯಾಲ ನಮಗ ತೋರಸಬೇಕ್ರಿ ಮತ್ತ.”

“ತಾಟಿನ್ಯಾಗ ಹಾಕಿ ಕೈಯಾಗ ಕೊಡ್ತೇನಿ, ಆತಲ್ಲ?”

ಇದು ನಮ್ಮ ಭಾಗದ ಎಲ್ಲ ದವಾಖಾನೆಗಳ ರಿವಾಜು. ಹೊಟ್ಟೆಯಿಂದ ತೆಗೆದದ್ದನ್ನು ಮನೆಯವರಿಗೆ ತೋರಿಸದಿದ್ದರೆ ಆಪರೇಷನ್ ಆದಂತೆಯೇ ಅಲ್ಲ. ಥಿಯೇಟರಿನ ಬಾಗಿಲಲ್ಲಿ ಬಳಗವೆಲ್ಲ ನಿಂತಿರುತ್ತದೆ. ತಾಟು ಹೊರಬಂದ ಕೂಡಲೇ ಇಣುಕಿ, ತೂಕ ಅಂದಾಜು ಮಾಡಿ, “ಅಬಬಾ, ಇಷ್ಟ ಇತ್ತ ನೋಡ ಒಳಗ” ಎಂದು ನಿಟ್ಟುಸಿರು ಬಿಟ್ಟು ಚಹಾ ಕುಡಿಯಲು ಹೋಗುತ್ತದೆ. ಹೊಲಿಗೆ ಹೇಗಿದೆ ಎಂದು ಯಾರೂ ಕೇಳುವುದಿಲ್ಲ. ನಾವು ಸರ್ಜನ್‌ಗಳೂ ಒಳಗೊಳಗೇ ಆ “ಅಬಬಾ”ಕ್ಕೆ ಕಾಯುತ್ತಿರುತ್ತೇವೆ.

ಮಧ್ಯಾಹ್ನದ ಹೊತ್ತಿಗೆ ಶುರು ಮಾಡಿದೆವು. ನನ್ನ ಜೊತೆಯ ಕಿರಿಯ ವೈದ್ಯ ತಲೆಯ ಕಡೆ ಕೂತು ಪ್ರಜ್ಞೆ ತಪ್ಪಿಸುವ ಈಥರ್ ಕೊಡುತ್ತಿದ್ದ: ಮೂಗಿನ ಮೇಲಿನ ಜಾಳಿಗೆಗೆ ತೊಟ್ಟು ತೊಟ್ಟಾಗಿ ಬಿಡುವುದು, ಉಸಿರು ಎಣಿಸುವುದು. ಕರೆಂಟು ಹೋಗಿತ್ತು. ಪೆಟ್ರೊಮ್ಯಾಕ್ಸ್ ಇತ್ತು, ಆದರೆ ಕಿಡಿ ತಾಗಿದರೆ ಭಗ್ಗೆನ್ನುವ ಈಥರ್ ಇದ್ದಲ್ಲಿ ಅದನ್ನು ಹೊತ್ತಿಸಿದರೆ ರೋಗಿಯ ಜೊತೆ ನಾವೂ ಹೋಗುತ್ತಿದ್ದೆವು. ಮೇಜನ್ನು ಕಿಟಕಿಗೆ ಎಳೆದು, ಕಂಪೌಂಡರನ ಕೈಗೆ ದೊಡ್ಡ ಟಾರ್ಚು ಕೊಟ್ಟೆ. ಸಿಸ್ಟರ್ ನನ್ನ ಎದುರಿಗೆ ನಿಂತು ಕೊಯ್ದ ಅಂಚುಗಳನ್ನು ಹಿಡಿದೆಳೆದರು. ಹೊರಗೆ ಮಳೆ, ಒಳಗೆ ಈಥರಿನ ಸಿಹಿ ವಾಸನೆ. ಎಲ್ಲರಿಗೂ ಅರೆ ಮಂಪರು.

ಹೊಟ್ಟೆ ತೆರೆದಾಗ ಗುಳ್ಳೆಯ ದಪ್ಪ ಬಿಳಿ ಗೋಡೆ ಕಾಣಿಸಿತು. ಸುತ್ತಲೂ ಗಟ್ಟಿ ಉಪ್ಪುನೀರಿನಲ್ಲಿ ನೆನೆಸಿದ ಬಟ್ಟೆಗಳನ್ನು ತುರುಕಿದೆ. ಗುಳ್ಳೆಯ ನೀರು ಒಂದಿಷ್ಟು ಹೊಟ್ಟೆಯೊಳಗೆ ಚೆಲ್ಲಿದರೂ ರೋಗಿಯ ರಕ್ತದೊತ್ತಡ ಕುಸಿದು ಮೇಜಿನ ಮೇಲೆಯೇ ಸಾಯಬಹುದು. ಬದುಕಿದರೆ ಚೆಲ್ಲಿದ ಕಡೆಯಲ್ಲೆಲ್ಲ ಹೊಸ ಗುಳ್ಳೆ ಏಳುತ್ತವೆ. ಗುಳ್ಳೆಯನ್ನು ಸುತ್ತಲಿಂದ ಬಿಡಿಸಿಕೊಂಡು ಇಡಿಯಾಗಿ ತೆಗೆಯುವುದು ನನ್ನ ಲೆಕ್ಕಾಚಾರವಾಗಿತ್ತು. ಮುಂಭಾಗ ಸರಾಗವಾಗಿ ಬಿಟ್ಟುಕೊಟ್ಟಿತು. ಆಮೇಲೆ ಹಿಂಭಾಗಕ್ಕೆ ಬೆರಳು ಹಾಕಿದೆ.

ಅಲ್ಲಿ ಸಂದೇ ಇರಲಿಲ್ಲ. ಮೇಲೆ ಎದೆ-ಹೊಟ್ಟೆಗಳ ನಡುವಿನ ಪರದೆಯಾದ ವಪೆಗೆ, ಹಿಂದೆ ಪಿತ್ತಜನಕಾಂಗಕ್ಕೆ, ಕೆಳಗೆ ಜಠರಕ್ಕೆ, ಎಲ್ಲ ಕಡೆಗೂ ಗುಳ್ಳೆ ಅಂಟಿಕೊಂಡಿತ್ತು. ಕೀವಾದ ಮೇಲೆ ಹಾಗೆ ಅಂಟುತ್ತದೆ ಎಂದು ಗೊತ್ತಿತ್ತು, ಈ ಪರಿ ಅಂಟುತ್ತದೆ ಎಂದು ಗೊತ್ತಿರಲಿಲ್ಲ. ಕತ್ತರಿಯ ತುದಿಯಿಂದ ಒಂದಿಷ್ಟು ಬಿಡಿಸಿದೆ. ಕಪ್ಪು ರಕ್ತ ಸದ್ದಿಲ್ಲದೆ ಉಕ್ಕಿ ನನ್ನ ಬೆರಳುಗಳನ್ನು ಮುಚ್ಚಿತು. ಬಟ್ಟೆ ಒತ್ತಿ ಹಿಡಿದೆ.

“ಬಿಪಿ ಇಳೀತಾ ಇದೆ ಸರ್,” ಎಂದ ಕಿರಿಯ ವೈದ್ಯ.

ಒತ್ತಿ ಹಿಡಿದ ಕೈಯನ್ನು ತೆಗೆಯುವಂತಿಲ್ಲ, ಮುಂದೆ ಹೋಗುವಂತಿಲ್ಲ. ಈ ಕೀವಿನ ಗುಳ್ಳೆಯನ್ನು ಒಳಗಿಟ್ಟು ಹೊಟ್ಟೆ ಮುಚ್ಚುವಂತೆಯೂ ಇಲ್ಲ. ಕಿಟಕಿಯಾಚೆ ನೀರು, ಇಲ್ಲಿ ಬೆರಳ ಕೆಳಗೆ ರಕ್ತ. ನಾನು ಹೆದರಿದ್ದೆ. ಬೆವರು ಕಣ್ಣಿಗಿಳಿಯುತ್ತಿತ್ತು, ಒರೆಸಲು ಯಾರ ಕೈಯೂ ಖಾಲಿ ಇರಲಿಲ್ಲ.

ಆಗ ನೆನಪಾದದ್ದು ಒಂದು ಕ್ರಿಯಾಪದ: ಮಾರ್ಸುಪಿಯಲೈಸ್. ಕಾಂಗರೂವಿನಂಥ, ಹೊಟ್ಟೆಯ ಚೀಲದಲ್ಲಿ ಮರಿ ಇಟ್ಟುಕೊಳ್ಳುವ ಪ್ರಾಣಿಗಳ ಜಾತಿಯ ಹೆಸರಿನಿಂದ ಹುಟ್ಟಿದ ಮಾತು. ತೆಗೆಯಲಾಗದ ಗುಳ್ಳೆಗೆ ಬಾಯಿ ಕೊಯ್ದು, ಒಳಗಿನದನ್ನು ಬರಿದು ಮಾಡಿ, ಆ ಬಾಯಿಯ ಅಂಚನ್ನು ಹೊಟ್ಟೆಯ ಚರ್ಮದ ಅಂಚಿಗೆ ಸುತ್ತಲೂ ಹೊಲಿದು, ಹೊರಕ್ಕೆ ತೆರೆದ ಚೀಲವಾಗಿ ಬಿಟ್ಟುಬಿಡುವುದು ಎಂದು ಅರ್ಥ. ಪಠ್ಯಪುಸ್ತಕಗಳಲ್ಲಿ ಈ ಕ್ರಿಯಾಪದ ಅಪರೂಪ. ಬಂದರೂ ಅಧ್ಯಾಯದ ಕೊನೆಯಲ್ಲಿ, “ತೆಗೆಯಲು ಸಾಧ್ಯವೇ ಆಗದಿದ್ದರೆ” ಎಂಬ ಮಾತಿನ ಬೆನ್ನಿಗೆ ತಲೆ ತಗ್ಗಿಸಿಕೊಂಡು ಬರುತ್ತದೆ. ಪರೀಕ್ಷೆಯಲ್ಲಿ ಯಾರೂ ಕೇಳುವುದಿಲ್ಲ. ನಮ್ಮ ಪ್ರೊಫೆಸರರು ತರಗತಿಯಲ್ಲಿ ಒಮ್ಮೆ ಇದನ್ನು ಹೇಳಿ, “ನಿಮಗೆ ಇದರ ಪ್ರಸಂಗ ಬಾರದಿರಲಿ” ಎಂದು ಮುಂದಿನ ಪುಟಕ್ಕೆ ಹೋಗಿದ್ದರು. ಸರ್ಜನ್‌ನ ಉಳಿದ ಕ್ರಿಯಾಪದಗಳೆಲ್ಲ ಅವನ ಕೈಯಲ್ಲೇ ಮುಗಿಯುತ್ತವೆ: ಕೊಯ್ದ, ಬಿಡಿಸಿದ, ತೆಗೆದ, ಹೊಲಿದ. ಇದೊಂದು ಮಾತ್ರ ಹಾಗಲ್ಲ. ಸರ್ಜನ್ ಅರ್ಧ ಮಾಡಿ ಕೈ ತೊಳೆದುಕೊಳ್ಳಬೇಕು. ಮಿಕ್ಕದ್ದನ್ನು ರೋಗಿಯ ಮೈ ತಾನೇ ಮಾಡಿಕೊಳ್ಳಬೇಕು, ತಳದಿಂದ ಮಾಂಸ ತುಂಬುತ್ತ, ಚೀಲ ಕುಗ್ಗುತ್ತ, ಬಾಯಿ ಕಿರಿದಾಗುತ್ತ.

“ತಗಿಯೂದಿಲ್ಲ,” ಎಂದೆ. “ಬಾಯಿ ಮಾಡಿ ಬಿಡೂಣು.”

ಸಿಸ್ಟರ್ ಮಾಸ್ಕಿನ ಮೇಲಿಂದ ನನ್ನನ್ನು ನೋಡಿದರು. ಒತ್ತಿ ಹಿಡಿದಲ್ಲಿ ರಕ್ತ ನಿಲ್ಲುವವರೆಗೆ ಕಾದೆ. ಆಮೇಲೆ ಗುಳ್ಳೆಯ ಮುಂಭಾಗಕ್ಕೆ ದಪ್ಪ ಸೂಜಿ ಹಾಕಿ, ಕಾಲಿನಿಂದ ತುಳಿಯುವ ಸಕ್ಷನ್ನಿನಿಂದ ಕೀವು ಎಳೆದು, ಬಾಯಿ ಕೊಯ್ದು, ಚಮಚದಿಂದ ಗಸಿಯನ್ನೆಲ್ಲ ಎತ್ತಿ ಹಾಕಿದೆ. ಗೋಡೆಯ ಅಂಚನ್ನು ಚರ್ಮಕ್ಕೆ ರೇಷ್ಮೆ ದಾರದಿಂದ ಸುತ್ತಲೂ ಹೊಲಿದು, ಒಂದು ರಬ್ಬರ್ ನಳಿಕೆ ಇಳಿಬಿಟ್ಟು, ಸಡಿಲವಾಗಿ ಪಟ್ಟಿ ಹಾಕಿದೆ. ಬಕೆಟ್ಟಿನಲ್ಲಿದ್ದದ್ದು ಹುಳುವಿನ ಬೀಜವಿರುವ ಕೀವು. ಹೊರಗಿಟ್ಟರೆ ನಾಯಿ ಮೂಸುತ್ತವೆಂದು ಕೂಡಲೇ ಸುಣ್ಣದ ಗುಂಡಿಗೆ ಹಾಕಿಸಿಬಿಟ್ಟೆ.

ಬಾಗಿಲು ತೆರೆದಾಗ ಅತ್ತೆ ಅಲ್ಲೇ ನಿಂತಿದ್ದಳು. ಕೈ ಚಾಚಿಕೊಂಡೇ ಇದ್ದಳು.

“ಎಲ್ಲೈತ್ರಿ ಗಂಟು?”

ತೆಗೆಯಲಿಲ್ಲ ಎಂದೆ. ತೆಗೆದಿದ್ದರೆ ರಕ್ತ ಹೋಗಿ ಸಾಯುತ್ತಿದ್ದಳು, ಅದಕ್ಕೆ ಬಾಯಿ ಮಾಡಿ ಬಿಟ್ಟಿದ್ದೇನೆ, ತಾನೇ ಸುಕ್ಕಿ ಹೋಗುತ್ತದೆ ಎಂದು ನನಗೆ ತಿಳಿದ ಕನ್ನಡದಲ್ಲೆಲ್ಲ ಹೇಳಿದೆ. ಅವಳು ಪೂರ್ತಿ ಕೇಳಿಸಿಕೊಂಡು ಮಗನ ಕಡೆ ತಿರುಗಿದಳು.

“ಕೇಳಿದೇನೋ? ಹೊಟ್ಟಿ ಹರದು, ಗಂಟು ಅಲ್ಲೇ ಇಟ್ಟು, ಹೊಲ್ಯೂದೂ ಬಿಟ್ಟು ಬಂದಾನಂತ. ಹಿಂತಾದ್ದು ಎಲ್ಲ್ಯರ ಕೇಳೀವೇನ ನಾವು?”

ಸಂಜೆಯೊಳಗೆ ಊರಿಗೆಲ್ಲ ಗೊತ್ತಾಯಿತು. ಚಹಾದ ಅಂಗಡಿಯಲ್ಲಿ ನಾನು ಹೋದ ಕೂಡಲೇ ಮಾತು ಮಳೆಯ ಕಡೆಗೆ ತಿರುಗುತ್ತಿತ್ತು. ನೀರು ಇಳಿದ ದಿನವೇ ಹುಬ್ಬಳ್ಳಿಗೆ ಒಯ್ದು “ಪೂರಾ ಆಪರೇಷನ್” ಮಾಡಿಸುತ್ತೇವೆ ಎಂದು ಗಂಡ ನನಗೆ ಕೇಳುವಂತೆ ಕಂಪೌಂಡರನಿಗೆ ಹೇಳಿದ. ಒಯ್ಯಿರಿ ಮಾರಾಯರೇ ಎಂದು ನನ್ನ ನಾಲಿಗೆಯ ತುದಿಗೆ ಬಂದಿತ್ತು. ಆದರೆ ಅವರಿಗೆ ಹೋಗಲು ದಾರಿಯಿಲ್ಲ, ನನಗೆ ಅವರ ಕಣ್ಣು ತಪ್ಪಿಸಲು ಜಾಗವಿಲ್ಲ. ವರಾಂಡದ ಒಂದು ತುದಿಯಲ್ಲಿ ಅವರ ಸಂಸಾರ, ಇನ್ನೊಂದು ತುದಿಯಲ್ಲಿ ನನ್ನ ಕೋಣೆ. ಬೆಳಗಾದರೆ ಎರಡೂ ಕಡೆಯವರು ಒಂದೇ ಹಳ್ಳದ ಕಡೆ ನೋಡಿ ಮುಖ ಗಂಟು ಹಾಕಿಕೊಳ್ಳುತ್ತಿದ್ದೆವು.

ರೋಗಿ ಮಾತ್ರ ಚೇತರಿಸಿಕೊಂಡಳು. ಜ್ವರ ಬಿಟ್ಟಿತು, ಗಂಜಿ ಕುಡಿದಳು. ನಳಿಕೆಯಲ್ಲಿ ಬರುವ ಕೀವು ತೆಳ್ಳಗಾಯಿತೆಂದು ನಳಿಕೆ ತೆಗೆದು, ಚೀಲದ ಬಾಯಿಗೆ ಸಡಿಲವಾದ ಬಟ್ಟೆಯ ಬತ್ತಿ ಇಟ್ಟೆ. ಪಟ್ಟಿ ತೊಯ್ದಾಗೆಲ್ಲ ಸಿಸ್ಟರ್ ಬದಲಿಸುತ್ತಿದ್ದರು. ಆಮೇಲೆ ಪಟ್ಟಿ ತೊಯ್ಯುವುದೇ ನಿಂತಿತು. ಒಣಗಿದ ಪಟ್ಟಿಯನ್ನು ಕೆದಕಬಾರದೆಂಬುದು ನಮ್ಮ ರೂಢಿ, ಹಾಗಾಗಿ ಬಿಚ್ಚಲಿಲ್ಲ. ನಾನು ಹಿಗ್ಗಿದೆ. ಮುದುಕಿಯ ಮುಂದೆ ತುಸು ಎದೆ ಸೆಟೆಸಿಕೊಂಡೇ ಓಡಾಡಿದೆ ಅನ್ನಿ.

ಆ ಹಿಗ್ಗು ಬಹಳ ಹೊತ್ತು ಬಾಳಲಿಲ್ಲ. ಒಂದು ಮುಂಜಾನೆ ರೌಂಡಿಗೆ ಹೋದರೆ ಅವಳು ಕಂಬಳಿಯೊಳಗೆ ಗಡಗಡ ನಡುಗುತ್ತಿದ್ದಳು. ಮೈ ಕೆಂಡ. ನಾಡಿ ಮತ್ತೆ ಓಡುತ್ತಿತ್ತು. ಪಟ್ಟಿ ಮಾತ್ರ ಇಸ್ತ್ರಿ ಮಾಡಿದಷ್ಟು ಒಣಗಿತ್ತು. ಅಷ್ಟು ದೊಡ್ಡ ಚೀಲ ಇಷ್ಟು ಬೇಗ ಒಣಗುವುದಾದರೂ ಹೇಗೆ ಎಂದು ಆಗ ಹೊಳೆಯಿತು. ಸಿಸ್ಟರ್‌ಗೆ ಕತ್ತರಿ ತರಲು ಹೇಳಿ ಪಟ್ಟಿ ಬಿಚ್ಚಿದೆ.

ಕೆಳಗೆ ಚೀಲದ ಬಾಯಿ ಇರಲಿಲ್ಲ. ಅದರ ಜಾಗದಲ್ಲಿ ಗಾರೆ ಮೆತ್ತಿದಂತೆ ಬಿಳಿ-ಕಂದು ಹೆಪ್ಪು. ಬೆರಳಿನಿಂದ ತಟ್ಟಿದರೆ ಟಕ್ ಎಂದಿತು. ಸುಣ್ಣ-ಬೆಲ್ಲ. ಕೀಲು ಉಳುಕಿದರೆ, ಬಾವು ಬಂದರೆ ನಮ್ಮ ಕಡೆ ಮನೆಮನೆಯಲ್ಲಿ ಕಲಸಿ ಹಚ್ಚುವ ಪಟ್ಟು, ಒಣಗಿದರೆ ಕಲ್ಲು. ನಾನಿಟ್ಟ ಬತ್ತಿ ತೆಗೆದು, ಹಳೆಯ ಸೀರೆಯ ತುಂಡನ್ನು ಬಾಯಿಗೆ ಬಿರಡೆಯಂತೆ ತುರುಕಿ, ಮೇಲೆ ಸುಣ್ಣ-ಬೆಲ್ಲ ಮೆತ್ತಿ, ನಮ್ಮ ಪಟ್ಟಿಯನ್ನು ಇದ್ದ ಹಾಗೆಯೇ ಜೋಡಿಸಿಟ್ಟಿದ್ದರು. ಸಂಚಿಯ ಸುಣ್ಣದ ಡಬ್ಬಿ, ಚಹಾಕ್ಕೆ ತಂದ ಬೆಲ್ಲ. ಯಾರೆಂದು ಕೇಳುವುದೇ ಬೇಕಿರಲಿಲ್ಲ.

ನಾನು ಕೂಗಿದ ಕೂಗಿಗೆ ವಾರ್ಡಿನವರೆಲ್ಲ ಎದ್ದು ಕೂತರು. “ಕೊಲ್ಲಬೇಕಂತ ಮಾಡೀಯೇನ ಆಕೀನ್ನ? ಯಾರ ಹೇಳಿದ್ರು ನಿನಗ ಇದನ್ನ ಮುಚ್ಚಂತ?”

ಮುದುಕಿ ಒಂದು ಹೆಜ್ಜೆಯೂ ಹಿಂದೆ ಸರಿಯಲಿಲ್ಲ. “ಯಾರ ಹೇಳಬೇಕ್ರಿ? ನಿಮ್ಮ ಮನಿ ಬಾಗಲಾ ತಗದಿಟ್ಟು ಮಲಗ್ತೀರೇನ್ರಿ ನೀವು? ಬಾಣಂತಿ ಕಿವೀಗೇ ಅರಿವಿ ಕಟ್ಟತೇವಿ ನಾವು, ಗಾಳಿ ಹೊಕ್ಕೀತಂತ. ಈಕೀದ ಹೊಟ್ಟೀನ ತಗದ ಬಿಟ್ಟೀರಿ. ನನ್ನ ಮಗಳು ಹಡದು ಗಾಳಿ ಹೊಕ್ಕ ಹೋದಳ್ರಿ, ನನ್ನ ತೊಡೀ ಮ್ಯಾಲ. ಇನ್ನೊಬ್ಬಾಕೀನ್ನ ಹಂಗ ಕಳಕೋಳ್ಳಾಕ ನನಗ ಆಗೂದಿಲ್ಲ.” ದನಿ ಒಡೆಯಿತು. ಅಷ್ಟು ದಿನದಲ್ಲಿ ಮೊದಲ ಬಾರಿಗೆ ಅವಳು ನೆಲಕ್ಕೆ ಕೂತಳು.

ನನ್ನ ಸಿಟ್ಟು ಎಲ್ಲಿ ಹೋಯಿತೋ. ಮೊದಲು ಆಗಬೇಕಾದದ್ದು ಆಗಲಿ ಎಂದು ಬಿಸಿನೀರಿನ ಬಟ್ಟೆಯಿಂದ ಹೆಪ್ಪನ್ನು ನೆನೆಸಿದೆ. ಮೆತ್ತಗಾದ ಮೇಲೆ ಅಂಚಿನಿಂದ ಸ್ವಲ್ಪ ಸ್ವಲ್ಪವೇ ಎಬ್ಬಿಸಿದೆ. ಚರ್ಮ ಸುಟ್ಟು ಹಸಿಯಾಗಿತ್ತು, ಆದರೆ ಪುಣ್ಯಕ್ಕೆ ಹೊಲಿಗೆಗಳು ಹಿಡಿದುಕೊಂಡಿದ್ದವು. ರೋಗಿ ಹಲ್ಲು ಕಚ್ಚಿ ಅತ್ತೆಯ ಕೈ ಹಿಡಿದುಕೊಂಡಿದ್ದಳು. ಸೀರೆಯ ಬಿರಡೆಯನ್ನು ಇಕ್ಕಳದಿಂದ ಎಳೆದೆ.

ಕೀವು ಚಿಮ್ಮಿ ನನ್ನ ಅಂಗಿಯ ತೋಳಿಗೆ ಹಾರಿತು. ಅದರ ಹಿಂದೆಯೇ, ಯಾರೋ ಒಳಗಿನಿಂದ ದೂಡಿದಂತೆ, ಬೇಯಿಸಿದ ತತ್ತಿಯ ಒಳಸಿಪ್ಪೆಯಂಥ ಬಿಳಿಯ ಪೊರೆಯೊಂದು ಮಡಿಕೆ ಮಡಿಕೆಯಾಗಿ ಇಳಿದು ಬಂತು. ಗೋಡೆಯ ಯಾವ ಮೂಲೆಯಲ್ಲೋ ನನ್ನ ಚಮಚಕ್ಕೆ ಸಿಗದೆ ಉಳಿದಿದ್ದ ಹುಳುವಿನ ಮನೆ. ಪೊರೆಯ ಜೊತೆ ದ್ರಾಕ್ಷಿ ಗಾತ್ರದ ಮರಿಗುಳ್ಳೆಗಳು. ಸಿಸ್ಟರ್ ಹಿಡಿದ ತಾಟು ತುಂಬತೊಡಗಿತು. ಮುದುಕಿ ನಿಧಾನವಾಗಿ ಎದ್ದು ಬಂದು ಇಣುಕಿದಳು.

“ಇದನೇನ್ರಿ ಗಂಟು?”

“ಇದ. ಬಾಯಿ ತೆರದಿದ್ದರ ತಾನ ಬರತಿತ್ತು. ನೀನು ಮುಚ್ಚಿದ್ದಕ್ಕ ಒಳಗ ಕೊಳೀತಿತ್ತು.”

ಅವಳು “ಅಬಬಾ” ಎನ್ನಲಿಲ್ಲ. ತಾಟನ್ನು ಮಗನಿಗೆ ತೋರಿಸಿದಳು, ಮತ್ತೆ ಹೊಟ್ಟೆಯ ಆ ತೆರೆದ ಬಾಯಿಯನ್ನು ನೋಡಿದಳು. ಹೆದರಿಕೆ ಹೋಗಿರಲಿಲ್ಲ. “ಆದ್ರೂ ಹಿಂಗ ತಗದ ಬಿಟ್ರ...” ಎಂದು ತಡವರಿಸಿದಳು.

ಅಲ್ಲಿಯವರೆಗೆ ಯಾರ ಮಾತಿಗೂ ಬಾಯಿ ಹಾಕದಿದ್ದ ರೋಗಿ ಆಗ ಮೊದಲ ಬಾರಿಗೆ ಮಾತನಾಡಿದಳು. ಜ್ವರದಲ್ಲಿ ತುಟಿ ಒಣಗಿದ್ದವು. “ಅತ್ತಿ, ನಿನ್ನ ಸಂಚಿ ಐತಿ ಅನಕೋ. ಸಂಚಿ ಬಾಯಿ ಹೊಲದ ಬಿಟ್ರ ಎಲಿ ಹೆಂಗ ತಗೀತಿ ಹೇಳು?”

ಮುದುಕಿಯ ಕೈ ತಾನಾಗಿ ಸೊಂಟಕ್ಕೆ ಹೋಯಿತು. ಅಷ್ಟು ದಿನ ನಾನು ಹೇಳಲು ಹೆಣಗಿದ್ದ ಕ್ರಿಯಾಪದವನ್ನು ಆ ಆಪರೇಷನ್ ಮಾಡಿಸಿಕೊಂಡವಳೇ ಕನ್ನಡಕ್ಕೆ ತಂದಿದ್ದಳು. ನನಗೆ ನಗು ಬಂತು, ಕಣ್ಣೂ ಒದ್ದೆಯಾದವು.

ಆ ಹೊತ್ತಿಗೇ ಒಂದು ತೀರ್ಮಾನ ಮಾಡಿದೆ. ಮುದುಕಿಯನ್ನು ವಾರ್ಡಿನಿಂದ ಹೊರಗಿಡಬೇಕೆಂದು ಸಿಸ್ಟರ್ ಪಟ್ಟು ಹಿಡಿದಿದ್ದರು. ನಾನು ಅವಳನ್ನೇ ಕರೆದು ಸಾಬೂನು ಕೊಟ್ಟೆ. ಮೊಣಕೈವರೆಗೆ ತಿಕ್ಕಿ ತೊಳೆಯುವುದು, ಕುದಿಸಿ ಆರಿಸಿದ ಉಪ್ಪುನೀರನ್ನು ಪಿಚಕಾರಿಯಿಂದ ಚೀಲದೊಳಕ್ಕೆ ಬಿಡುವುದು, ಪಕ್ಕಕ್ಕೆ ಹೊರಳಿಸಿ ಹೊರಕ್ಕೆ ಸುರಿಯಗೊಡುವುದು, ಬಂದ ಪೊರೆಯನ್ನೆಲ್ಲ ಸುಣ್ಣದ ಗುಂಡಿಗೆ ಹಾಕುವುದು, ಕೊನೆಗೆ ಕಿರುಬೆರಳು ಇಳಿಸಿ ಬಾಯಿ ಅಂಟಿಕೊಂಡಿಲ್ಲ ಎಂದು ನೋಡುವುದು. ಮೊದಲ ಸಲ ಬೆರಳಿಡುವಾಗ ಮುಖ ಆ ಕಡೆ ತಿರುಗಿಸಿಕೊಂಡಿದ್ದಳು. “ಗಾಳಿ ಹೊಕ್ಕರ ಸಾಹೇಬ್ರ, ನಿಮ್ಮನ್ನ ಬಿಡೂದಿಲ್ಲ ನೋಡ್ರಿ” ಎಂದು ಎಚ್ಚರಿಕೆಯನ್ನೂ ಕೊಟ್ಟಳು. ನನಗೂ ಧೈರ್ಯವಿರಲಿಲ್ಲ. ಜ್ವರ ಇಳಿಯುವವರೆಗೆ ಪ್ರತಿ ಸಲವೂ ಅವಳ ಹಿಂದೆ ನಿಂತಿದ್ದೆ. ಜ್ವರ ಇಳಿಯಿತು.

ನೀರೂ ಇಳಿಯಿತು. ಬಸ್ಸುಗಳು ಓಡಿದವು. ಹುಬ್ಬಳ್ಳಿಗೆ ಹೋಗುತ್ತೀರಾ ಎಂದು ನಾನೇ ಗಂಡನನ್ನು ಕೇಳಿದೆ. ಅವನು ಎಂದಿನಂತೆ ತಾಯಿಯ ಮುಖ ನೋಡಿದ. “ಅಲ್ಲಿ ಯಾರ ತೊಳದಾರು?” ಎಂದು ಮುದುಕಿ ಪಿಚಕಾರಿಯನ್ನು ಸೆರಗಿನಲ್ಲಿ ಸುತ್ತಿಕೊಂಡಳು. ಸರ್ಕಾರಿ ಸಾಮಾನು ಅದು. ಕಂಪೌಂಡರ್ ಕೆಮ್ಮಿದ, ನಾನು ಗಮನಿಸದವನಂತೆ ನಿಂತೆ. ಚಕ್ಕಡಿ ಹತ್ತಿ ಊರಿಗೆ ಹೋದರು.

ಆಮೇಲೆ ಗಂಡ ಸಂತೆಗೆ ಬಂದಾಗೊಮ್ಮೆ ಇಣುಕಿ “ಅರಾಮ ಅದಾಳ್ರಿ, ಇನ್ನೂ ಬಾಯಿ ಐತ್ರಿ” ಎಂದು ಹೇಳಿ ಹೋಗುತ್ತಿದ್ದ. ನಮ್ಮ ದವಾಖಾನೆಯಲ್ಲಿ ಆ ಆಪರೇಷನ್ನಿಗೆ “ಸಂಚಿ ಮಾಡೂದು” ಎಂಬ ಹೆಸರೇ ನಿಂತಿತು. ಕಂಪೌಂಡರ್ ಅದನ್ನು ಇಲಾಖೆಯ ಭಾಷೆಯೆಂಬಂತೆ ಗಂಭೀರವಾಗಿ ಬಳಸುತ್ತಿದ್ದ.

ಕುಸುಬಿ ಕೊಯ್ಲು ಮುಗಿದ ಹೊತ್ತಿನಲ್ಲಿ ಅವಳು ಒಬ್ಬಳೇ ಬಸ್ಸಿಳಿದು ಬಂದಳು. ಮೈ ತುಂಬಿಕೊಂಡಿದ್ದಳು, ಗುರುತು ಹತ್ತಲು ಒಂದು ಗಳಿಗೆ ಬೇಕಾಯಿತು. ಪರೀಕ್ಷೆಯ ಮೇಜಿನ ಮೇಲೆ ಮಲಗಿ ಸೀರೆ ಸರಿಸಿದಳು. ಚೀಲದ ಬಾಯಿ ಇದ್ದಲ್ಲಿ ಹೊಕ್ಕಳಿನಂಥ ಒಂದು ಗುಳಿ, ಸುತ್ತ ಮಾಸಿದ ಸುಣ್ಣದ ಸುಟ್ಟ ಗುರುತು. ಒತ್ತಿ ನೋಡಿದೆ. ಎಲ್ಲ ಗಟ್ಟಿಯಾಗಿತ್ತು, ಒಣಗಿತ್ತು. ಒಣಗಿದ್ದನ್ನು ಕಂಡು ಮೊದಲು ನನಗೆ ಅಂದಿನ ಒಣಗಿದ ಪಟ್ಟಿ ನೆನಪಾಯಿತು, ಆಮೇಲೆ ಸಮಾಧಾನವಾಯಿತು.

“ಈ ಸಲ ಯಾರ ಮುಚ್ಚಿದ್ರವಾ? ನಿಮ್ಮತ್ತಿ ಏನ?” ಎಂದು ಕಾಡಿಸಿದೆ.

“ಯಾರೂ ಮುಚ್ಚಿಲ್ರಿ ಸಾಹೇಬ್ರ. ಅತ್ತಿ ದಿನಾ ಮುಂಜಾನೆ ತೊಳದು ಕಿರಬೆರಳ ಇಟ್ಟ ನೋಡತಿದ್ಲು. ಇವತ್ತ ಉಗರ ಮಟಾ ಹೋತು, ಇವತ್ತ ಅದರಕಿಂತ ಕಡಿಮಿ ಹೋತು, ಅಂತಿದ್ಲು.” ಅವಳು ಸೀರೆ ಸರಿಮಾಡಿಕೊಂಡು ಎದ್ದು ಕೂತಳು. “ಒಂದಿನಾ ಬೆರಳ ಹೋಗಲೇ ಇಲ್ರಿ. ಇಟ್ಟ ಬೆರಳ ತಗೀಲಾರದ ಅಲ್ಲೇ ಕುಂತು, ಮಗಳ ಹೆಸರ ಹಿಡದು ಅತ್ತಬಿಟ್ಲು.”